ಹರಿದ ಪುಟಕ್ಕೆ ತೇಪೆ ಹಾಕುವ ಬಗೆ

ಹಳೆಯ ಪುಸ್ತಕದ ಹರಿದ ಹಾಳೆಗೆ ನಾನು ಸೆಲೋಟೇಪ್ ಮುಟ್ಟಿಸುವುದೇ ಇಲ್ಲ. ಕೆಲವು ವರ್ಷಗಳಲ್ಲಿ ಪ್ಲಾಸ್ಟಿಕ್ ಪಟ್ಟಿ ಉದುರಿಹೋಗಿ, ಅಂಟು ಮಾತ್ರ ಕಾಗದದೊಳಗೆ ಇಳಿದು ಕಂದು ಕಲೆಯಾಗಿ ಉಳಿಯುತ್ತದೆ. ತೇಪೆ ಮುಂದೆ ಯಾರಾದರೂ ಬಿಚ್ಚಲು ಬರುವಂತಿರಬೇಕು, ಹಾಳೆಗಿಂತ ಗಟ್ಟಿಯಾಗಿರಬಾರದು. ಗಟ್ಟಿಯಾದರೆ ಪುಟ ಮಗುಚಿದಾಗಲೆಲ್ಲ ಅದರ ಅಂಚಿನಲ್ಲೇ ಒತ್ತಡ ಬಿದ್ದು ಹೊಸದಾಗಿ ಹರಿಯುತ್ತದೆ.

ಅಂಟಿಗೆ ಬೇಕಾದದ್ದು ಗೋಧಿ ಪಿಷ್ಟ. ಮೈದಾ ಬೇಡ; ಅದರಲ್ಲಿರುವ ಗ್ಲುಟೆನ್‌ನಿಂದ ಅಂಟು ಬರಬರುತ್ತ ಬಿರುಸಾಗಿ ಹಳದಿಗಟ್ಟುತ್ತದೆ. ಒಂದು ಪಾಲು ಪಿಷ್ಟವನ್ನು ಐದು ಪಾಲು ನೀರಿನಲ್ಲಿ ಅರ್ಧ ಗಂಟೆ ನೆನೆಸಿ, ಸಣ್ಣ ಉರಿಯಲ್ಲಿ ಕೈಬಿಡದೆ ತಿರುವುತ್ತ 20–30 ನಿಮಿಷ ಕಾಯಿಸುತ್ತೇನೆ. ಬಿಳುಪು ಹೋಗಿ ಮಂಜುಗಾಜಿನಂತಾದಾಗ ಇಳಿಸುವುದು. ಆರಿದ ಮೇಲೆ ಸಣ್ಣ ಜರಡಿಯಲ್ಲಿ ಎರಡು ಮೂರು ಸಲ ಉಜ್ಜಿ ಸೋಸಿ, ನೀರು ಬೆರೆಸಿ ತೆಳು ಮಾಡಬೇಕು. ಫ್ರಿಜ್ಜಿನಲ್ಲಿ ಕೆಲವು ದಿನ ಇರುತ್ತದೆ. ಹುಳಿ ವಾಸನೆ ಬಂದರೆ ಚೆಲ್ಲಿಬಿಡಿ.

ತೇಪೆಗೆ ಜಪಾನಿನ ಕೋಜೋ (ಹಿಪ್ಪುನೇರಳೆ ಜಾತಿಯ ಗಿಡ) ನಾರಿನ ಕಾಗದ, ಚದರ ಮೀಟರಿಗೆ 5ರಿಂದ 10 ಗ್ರಾಂ ತೂಗುವಂಥದ್ದು. ಕತ್ತರಿ ಹಾಕುವಂತಿಲ್ಲ. ಒದ್ದೆ ಕುಂಚದಿಂದ ಗೆರೆ ಹಾಕಿ ಮೆಲ್ಲಗೆ ಜಗ್ಗಿದರೆ ಅಂಚಿನ ನಾರು ಎಳೆಎಳೆಯಾಗಿ ಬಿಡಿಸಿಕೊಳ್ಳುತ್ತದೆ. ಆ ಎಳೆಗಳೇ ಹಾಳೆಯನ್ನು ಹಿಡಿಯುವುದು. ಒಂದು ಸೆಂಟಿಮೀಟರಿಗಿಂತ ಕಡಿಮೆ ಅಗಲ ಸಾಕು.

ಹರಿದ ಅಂಚನ್ನು ಮೊದಲು ಭೂತಗನ್ನಡಿಯಲ್ಲಿ ನೋಡಬೇಕು. ಕಾಗದ ಓರೆಯಾಗಿ ಸೀಳುತ್ತದೆ: ಒಂದು ಅಂಚಿನ ಬಿಳಿ ನಾರು ಮೇಲೆ, ಇನ್ನೊಂದರದು ಕೆಳಗೆ. ನಡುದಾರಿಯಲ್ಲಿ ಅದು ಮಗ್ಗುಲು ಬದಲಿಸುವುದೂ ಉಂಟು. ಮೇಲಿನದನ್ನು ಮೇಲೆ, ಕೆಳಗಿನದನ್ನು ಕೆಳಗೆ ಕೂರಿಸಿದರೆ ಅರ್ಧಕ್ಕೆ ತುಂಡಾದ ಒತ್ತಕ್ಷರ ತಾನಾಗಿ ಕೂಡಿಕೊಳ್ಳುತ್ತದೆ. ಹೆಚ್ಚಿನ ಹೊತ್ತು ಹೋಗುವುದು ಇಲ್ಲೇ, ಅಂಟಿಸುವುದರಲ್ಲಲ್ಲ. ಕೈಬರಹವಿದ್ದರೆ ಒಂದು ಚುಕ್ಕೆಗೆ ಒದ್ದೆ ಹತ್ತಿ ತಾಗಿಸಿ ನೋಡಿ. ಶಾಯಿ ಬಿಟ್ಟರೆ ಈ ಅಂಟು ಅಲ್ಲಿಗೆ ಸಲ್ಲ.

ಅಂಟು ಹಚ್ಚಿದ ಕೋಜೋ ಪಟ್ಟಿಯನ್ನು ಹರಿದ ಗೆರೆಗೆ ಕೂರಿಸಿದ ಮೇಲೆ ಹಾಳೆಯ ಎರಡೂ ಬದಿಗೆ ಅಂಟಿಕೊಳ್ಳದ ಪಾಲಿಯೆಸ್ಟರ್ ಬಟ್ಟೆ, ಅದರಾಚೆ ಬ್ಲಾಟಿಂಗ್ ಪೇಪರ್, ಮೇಲೊಂದು ದಪ್ಪ ಗಾಜು, ತೂಕ. ಹತ್ತು ನಿಮಿಷಕ್ಕೆ ಬ್ಲಾಟಿಂಗ್ ಬದಲಿಸಿ ರಾತ್ರಿಯಿಡೀ ಬಿಡುವುದು. ಅವಸರಪಟ್ಟು ತೂಕ ತೆಗೆದರೆ ಹಾಳೆ ಸೊಟ್ಟಗಾಗುತ್ತದೆ.

ಇದಕ್ಕಿಂತ ಕೆಟ್ಟದ್ದು ನೀರು ಹೆಚ್ಚಾಗುವುದು. ಕಾಗದದೊಳಗಿನ ಕೊಳೆ ತೇವದೊಂದಿಗೆ ಸರಿದು, ಒದ್ದೆ ನಿಂತಲ್ಲಿ ಕಂದು ಗೆರೆ ಕಟ್ಟುತ್ತದೆ. ಅದನ್ನು ತೆಗೆಯಲು ಸಾಮಾನ್ಯವಾಗಿ ಹಾಳೆಯನ್ನೇ ತೊಳೆಯಬೇಕು, ಅಂದರೆ ಹೊಲಿಗೆ ಬಿಚ್ಚಬೇಕು. ಹಾಗಾಗಿ ಅಂಟು ಹಚ್ಚಿದ ಪಟ್ಟಿಯನ್ನು ಕೆಲವು ಕ್ಷಣ ಬ್ಲಾಟಿಂಗ್ ಮೇಲಿಟ್ಟು, ನೀರು ಇಳಿದ ಮೇಲೆಯೇ ಚಿಮಟದಿಂದ ಎತ್ತುತ್ತೇನೆ.