ಲಂಚದ ಮಂತ್ರಿ, ಒಳ್ಳೆಯ ಲಸಿಕೆ: ಅರ್ಧ ಗಂಟೆಯ ಮಾತಿಗೆ ನಾನು ತಯಾರಾದದ್ದು

ಧಾರವಾಡದ ಸಪ್ತಾಪುರದಲ್ಲಿ ನಾವು ಹತ್ತು-ಹನ್ನೆರಡು ಹೆಣ್ಣುಮಕ್ಕಳು ತಿಂಗಳಿಗೊಮ್ಮೆ ಸೇರುತ್ತೇವೆ. ಹೆಚ್ಚಿನವರು ನಿವೃತ್ತರು. ಒಬ್ಬರು ಯಾರದಾದರೂ ಜೀವನದ ಬಗ್ಗೆ ಅರ್ಧ ಗಂಟೆ ಹೇಳಬೇಕು, ಆಮೇಲೆ ಪ್ರಶ್ನೆ, ಆಮೇಲೆ ಗಿರ್ಮಿಟ್ಟು, ಚಹಾ. ಶರಣರು, ಕವಿಗಳು ಎಲ್ಲ ಆಗಿತ್ತು. ನನ್ನ ಪಾಳಿ ಬಂದಾಗ ಲಂಚದ ಕೇಸಿನಲ್ಲಿ ಜೈಲಿಗೆ ಹೋದ ಒಬ್ಬ ಆರೋಗ್ಯ ಮಂತ್ರಿಯ ಬಗ್ಗೆ ಹೇಳುತ್ತೇನೆ ಅಂದೆ.

ನಾನು ಸರ್ಕಾರಿ ಆಸ್ಪತ್ರೆಯಲ್ಲಿ ಫಾರ್ಮಸಿಸ್ಟ್ ಆಗಿದ್ದವಳು. ಗುಳಿಗೆ ಬಂದಿಲ್ಲ, ಮುಂದಿನ ವಾರ ಬಾರಪ್ಪಾ ಅಂತ ಹಳ್ಳಿಯವರನ್ನು ಎಷ್ಟು ಸಲ ವಾಪಸ್ ಕಳಿಸಿದ್ದೇನೋ ಲೆಕ್ಕವಿಲ್ಲ. ಅವರು ಬಸ್ ಚಾರ್ಜ್ ಕೊಟ್ಟು ಬಂದಿರುತ್ತಿದ್ದರು. ಕಿಟಕಿಯ ಈಚೆ ಕೂತವಳಿಗೆ ಒಂದೇ ಪ್ರಶ್ನೆ ಕಾಡುತ್ತಿತ್ತು. ಯಾವ ಔಷಧ ಬರಬೇಕು, ಯಾವ ಬೆಲೆಗೆ ಬರಬೇಕು ಅಂತ ಮೇಲೆ ಕೂತು ತೀರ್ಮಾನ ಮಾಡುವವರು ಯಾರು, ಹೇಗೆ ಮಾಡುತ್ತಾರೆ?

ನಮ್ಮ ದೇಶದವರನ್ನೇ ಆರಿಸಬಹುದಿತ್ತು. ಆದರೆ ಇಲ್ಲಿ ಎಷ್ಟೋ ಕೇಸು ಇನ್ನೂ ನಡೆಯುತ್ತಲೇ ಇರುತ್ತವೆ, ಕೆಲವು ಬಿದ್ದೂ ಹೋಗುತ್ತವೆ. ಆರೋಪ ಬಂದ ಕೂಡಲೇ ಕಳ್ಳ ಅಂತ ಮಾತಾಡುವುದು ನನ್ನಿಂದಾಗದು. ಅದಕ್ಕೇ ಕೊನೆಯ ತೀರ್ಪು ಬಂದು ಮುಗಿದಿರುವ ಕಥೆ ಹುಡುಕಿದೆ. ಇಟಲಿಯ ಫ್ರಾಂಚೆಸ್ಕೋ ದೆ ಲೊರೆಂಜೊ ಸಿಕ್ಕರು. ನೇಪಲ್ಸ್ ಊರಿನವರು, 1938ರಲ್ಲಿ ಹುಟ್ಟಿದವರು, ವೈದ್ಯಕೀಯ ಓದಿ ಪ್ರೊಫೆಸರ್ ಆದವರು, ಲಿಬರಲ್ ಪಕ್ಷದವರು. 1989ರಿಂದ 1993ರ ಫೆಬ್ರುವರಿವರೆಗೆ ಅಲ್ಲಿಯ ಆರೋಗ್ಯ ಮಂತ್ರಿ.

ಎರಡು ವಾರ ಓದಿದೆ. ಇಟಾಲಿಯನ್ ಪತ್ರಿಕೆಗಳನ್ನು ಮೊಮ್ಮಗಳು ಮೊಬೈಲಿನಲ್ಲಿ ಅನುವಾದ ಮಾಡಿಸಿಕೊಟ್ಟಳು. ಓದಿದ್ದನ್ನೆಲ್ಲ ಒಂದು ಉದ್ದ ನೋಟ್‌ಬುಕ್ಕಿನಲ್ಲಿ, ನಮ್ಮ ಸ್ಟಾಕ್ ರಿಜಿಸ್ಟರ್ ತರಹವೇ ಗೆರೆ ಹಾಕಿ ಬರೆದೆ. ತಾರೀಖು, ಏನಾಯಿತು, ಯಾರು ಹೇಳಿದ್ದು, ಮತ್ತೆ ಅದು ಯಾವ ಹಂತದಲ್ಲಿದೆ: ಆರೋಪವೋ, ಬಂಧನವೋ, ಕೆಳಗಿನ ಕೋರ್ಟಿನ ತೀರ್ಪೋ, ಕೊನೆಯ ತೀರ್ಪೋ. ಈ ನಾಲ್ಕನೇ ಕಾಲಮ್ ಇಲ್ಲದಿದ್ದರೆ ನಾನು ದೊಡ್ಡ ತಪ್ಪು ಮಾಡುತ್ತಿದ್ದೆ. ನಿಜ ಹೇಳಬೇಕೆಂದರೆ ಒಂದು ತಪ್ಪನ್ನು ಮಾಡಿಯೇ ಬಿಟ್ಟಿದ್ದೆ.

ಮನೆಯಲ್ಲಿ ಚಿನ್ನದ ಗಟ್ಟಿ, ನಾಣ್ಯ, ನೋಟಿನ ಕಂತೆ ಸಿಕ್ಕವು, ಕೂರುವ ಮೆತ್ತೆಯೊಳಗೂ ಹಣ ತುರುಕಿದ್ದರು ಅಂತ ಓದಿ ಮೈ ಜುಮ್ ಅಂದಿತ್ತು. ಮೊದಲ ಸಲ ಬರೆದಾಗ ಅದನ್ನು ಮಂತ್ರಿಯ ಮನೆ ಅಂತಲೇ ಬರೆದೆ. ರಿಜಿಸ್ಟರಿಗೆ ಏರಿಸುವಾಗ ಯಾರ ಮನೆ ಅಂತ ಮತ್ತೆ ನೋಡಿದರೆ, ಅದು ಮಂತ್ರಿಯದಲ್ಲ. ಅದೇ ಇಲಾಖೆಯಲ್ಲಿ ಔಷಧ ವಿಭಾಗದ ಮುಖ್ಯಸ್ಥರಾಗಿದ್ದ ದುಯಿಲಿಯೊ ಪೊಜ್ಜೊಲಿನಿ ಅವರ ಮನೆ, ಅವರು 1993ರಲ್ಲಿ ಸಿಕ್ಕಿಬಿದ್ದಾಗಿನ ಮಾತು. ಇಬ್ಬರಿಗೂ ಶಿಕ್ಷೆಯಾಯಿತು, ಆದರೂ ಒಬ್ಬರ ಮನೆಯ ಚಿನ್ನ ಇನ್ನೊಬ್ಬರ ಮನೆಯಲ್ಲಿಟ್ಟರೆ ಅದು ಸುಳ್ಳೇ ಅಲ್ವಾ? ಆ ಹಾಳೆ ಹರಿದು ಮೊದಲಿಂದ ಬರೆದೆ.

ಹಿನ್ನೆಲೆಯನ್ನು ಬೇಗ ಹೇಳಿ ಮುಗಿಸಿದೆ. 1992ರ ಫೆಬ್ರುವರಿಯಲ್ಲಿ ಮಿಲಾನಿನ ಒಂದು ವೃದ್ಧಾಶ್ರಮದ ಮುಖ್ಯಸ್ಥ ಲಂಚ ತಗೊಳ್ಳುವಾಗ ಸಿಕ್ಕಿಬಿದ್ದ. ಅಲ್ಲಿಂದ ಎಳೆ ಎಳೆಯುತ್ತಾ ಹೋದರೆ ಇಡೀ ದೇಶದ ಪಕ್ಷಗಳೇ ಅಲುಗಾಡಿದವು. ಆರೋಗ್ಯ ಇಲಾಖೆಯ ಪಾಳಿಯೂ ಬಂತು. ಮಂತ್ರಿ ರಾಜೀನಾಮೆ ಕೊಟ್ಟರು. ಸಂಸದರಾಗಿರುವಷ್ಟು ದಿನ ಬಂಧಿಸಲು ಸದನದ ಒಪ್ಪಿಗೆ ಬೇಕಿತ್ತು. ಆ ಸ್ಥಾನ ಹೋದ ಮೇಲೆ 1994ರ ಮೇ ತಿಂಗಳಲ್ಲಿ ಬಂಧಿಸಿದರು. ಔಷಧ ಕಂಪನಿಗಳಿಂದ ಹಣ ತಗೊಂಡ ಕೇಸಿನಲ್ಲಿ, ಮೇಲ್ಮನವಿಗಳೆಲ್ಲ ಮುಗಿದ ಮೇಲೆ 5 ವರ್ಷ 4 ತಿಂಗಳ ಶಿಕ್ಷೆ ಗಟ್ಟಿಯಾಯಿತು. ಆ ಹಣ ಪಕ್ಷಕ್ಕೆ ಬಂದದ್ದು ಅಂತ ಅವರು ವಾದಿಸಿದ್ದರು. ಅದನ್ನೂ ಬರೆದುಕೊಂಡೆ. ಶಿಕ್ಷೆಯಾದವರ ಮಾತನ್ನೂ ಹೇಳದಿದ್ದರೆ ಕೇಳುವವರಿಗೆ ಅರ್ಧ ಕಥೆಯೇ ಸಿಗುತ್ತದೆ.

ಅದಕ್ಕಿಂತ ಜಾಸ್ತಿ ಕಷ್ಟ ಕೊಟ್ಟಿದ್ದು ಲಸಿಕೆಯ ವಿಷಯ. 1991ರ ಮೇ 27ರ ಕಾನೂನಿನಿಂದ ಇಟಲಿಯಲ್ಲಿ ಹೆಪಟೈಟಿಸ್ ಬಿ ಅನ್ನುವ, ವೈರಸ್‌ನಿಂದ ಬರುವ ಲಿವರ್ ರೋಗದ ಲಸಿಕೆ ಕೂಸುಗಳಿಗೂ 12 ವರ್ಷದ ಮಕ್ಕಳಿಗೂ ಕಡ್ಡಾಯವಾಯಿತು. ಅದು ಇವರ ಕಾಲದ ಕಾನೂನು. ಈ ಲಸಿಕೆಯ ವಿಷಯದಲ್ಲೇ ಅದನ್ನು ತಯಾರಿಸುವ ಒಂದು ಕಂಪನಿಯಿಂದ 60 ಕೋಟಿ ಲೀರಾ ತಗೊಂಡರು ಅನ್ನುವ ಮಾತು ಕೇಸಿನಲ್ಲಿ ಬಂತು. 60 ಕೋಟಿ ಅಂದಾಗ ನಮ್ಮ ರೂಪಾಯಿ ಕಣ್ಣ ಮುಂದೆ ಬರುತ್ತದೆ. ಆಗಿನ ಲೀರಾ ತೀರಾ ಸಣ್ಣದು, ಒಂದು ಡಾಲರಿಗೆ ಸಾವಿರದ ಮೇಲೆ ಬರುತ್ತಿತ್ತು. ಲೆಕ್ಕ ಹಾಕಿದರೆ ಐದು ಲಕ್ಷ ಡಾಲರಿನ ಆಸುಪಾಸು. ಅದನ್ನೂ ಬಿಡಿಸಿ ಹೇಳಬೇಕೆಂದು ಪಕ್ಕಕ್ಕೆ ಬರೆದೆ.

ಹಿಂದಿನ ದಿನ ಇದನ್ನು ನಮ್ಮ ವೈನಿ ಮುಂದೆ ಓದಿದೆ. ಅವರು ಹಾವೇರಿ ಕಡೆಯ ಒಂದು ಉಪಕೇಂದ್ರದಲ್ಲಿ ನರ್ಸ್ ಆಗಿದ್ದವರು, ಮನೆಮನೆ ತಿರುಗಿ ಲಸಿಕೆ ಹಾಕಿದವರು. ಕೇಳಿ ಸುಮ್ಮನೆ ಕೂತರು. ಆಮೇಲೆ, “ಇದನ್ನ ಹಿಂಗ ಹೇಳಬ್ಯಾಡ. ನಾಳೆ ಯಾವಾಕಿಯರ ಬಾಣಂತಿ, ರೊಕ್ಕಾ ತಿಂದು ತಂದ ಸೂಜಿ ನಮ್ಮ ಕೂಸಿಗೆ ಯಾಕ್ರಿ ಅಂದ್ರ ಏನ್ ಹೇಳ್ತಿ?” ಅಂದರು.

ರಾತ್ರಿ ನಿದ್ದೆ ಬರಲಿಲ್ಲ. ಲಸಿಕೆಯ ಮಾತು ಬಿಟ್ಟುಬಿಡಲೇ ಅಂತಲೂ ಅನಿಸಿತು. ಬಿಟ್ಟರೆ ಅದು ಮುಚ್ಚಿಟ್ಟ ಹಾಗೆ. ಬೆಳಗ್ಗೆ ಎದ್ದು ಎರಡನ್ನೂ ಬೇರೆ ಬೇರೆ ಹಾಳೆಯಲ್ಲಿ ಬರೆದೆ. ಒಂದರಲ್ಲಿ ಹಣ: ಯಾರು ಕೊಟ್ಟರು, ಯಾರು ತಗೊಂಡರು, ಕೋರ್ಟ್ ಏನು ಹೇಳಿತು. ಇನ್ನೊಂದರಲ್ಲಿ ಲಸಿಕೆ: ಅದು ಕೆಲಸ ಮಾಡುತ್ತದೋ ಇಲ್ಲವೋ ಅನ್ನುವುದನ್ನು ಪರೀಕ್ಷೆಗಳು ಹೇಳುತ್ತವೆ, ಯಾವ ಮಂತ್ರಿಯ ಸಹಿಯೂ ಅದನ್ನು ಬದಲಿಸಲ್ಲ. ಇಟಲಿಯಲ್ಲಿ ಆ ಕಾನೂನಿನ ನಂತರ ಈ ರೋಗ ತೀರಾ ಇಳಿಯಿತು. ನಮ್ಮಲ್ಲೂ ಇದನ್ನು ಹುಟ್ಟಿದ 24 ಗಂಟೆಯೊಳಗೆ ಹಾಕುತ್ತಾರೆ, ಆಮೇಲೆ 6, 10, 14 ವಾರಕ್ಕೆ ಪೆಂಟಾವ್ಯಾಲೆಂಟ್, ಅಂದರೆ ಐದು ರೋಗಗಳಿಗೆ ಒಂದೇ ಸೂಜಿಯಲ್ಲಿ ಕೊಡುವ ಲಸಿಕೆಯ ಭಾಗವಾಗಿ ಬರುತ್ತದೆ. ಯಾಕೆ ಅಷ್ಟು ಬೇಗ? ತಾಯಿಯಲ್ಲಿ ವೈರಸ್ ಇದ್ದರೆ ಹೆರಿಗೆ ಹೊತ್ತಿಗೇ ಕೂಸಿಗೆ ಅಂಟಬಹುದು, ಕೂಸಿಗೆ ಅಂಟಿದರೆ ಹೆಚ್ಚಿನ ಸಲ ಜನ್ಮಕ್ಕೆ ಉಳಿದು ಮುಂದೆ ಲಿವರ್ ಕೆಡಿಸುತ್ತದೆ.

ಮಾತು ಮುಗಿದ ಮೇಲೆ ಪ್ರಶ್ನೆಗಳು ಬಂದವು. ಇಂಥ ಕಾನೂನಿಗೂ ಲಂಚ ಯಾಕೆ ಬೇಕಿತ್ತು ಅಂತ ಒಬ್ಬರು ಕೇಳಿದರು. ನನಗೆ ತಿಳಿದಷ್ಟು ಹೇಳಿದೆ. ಒಳ್ಳೆಯ ಔಷಧವೇ ಆದರೂ ಕಡ್ಡಾಯ ಅಂದ ದಿನದಿಂದ ಕಂಪನಿಗೆ ಖಾತ್ರಿ ಗಿರಾಕಿ ಸಿಗುತ್ತದೆ, ಆ ಖಾತ್ರಿಗೇ ಬೆಲೆ. ಇನ್ನೊಬ್ಬರು, ಜೈಲಾದ ಮೇಲೆ ಏನು ಮಾಡಿದರು ಅಂದರು. ಸ್ವತಃ ಕ್ಯಾನ್ಸರ್ ಬಂದು, ಆಮೇಲೆ ಇಟಲಿಯ ಕ್ಯಾನ್ಸರ್ ರೋಗಿಗಳ ಸಂಘಟನೆ ಕಟ್ಟಿ ಮುನ್ನಡೆಸಿದರು ಅಂದೆ. ಅದನ್ನು ಹೇಳಬೇಕಾಗಿರಲಿಲ್ಲ ಅಂತ ಆಕೆಗೆ ಸಿಟ್ಟು. ನನ್ನ ರಿಜಿಸ್ಟರಿನಲ್ಲಿ ಅದಕ್ಕೂ ಒಂದು ಸಾಲು ಇದೆ, ತಾರೀಖು ಸಮೇತ. ಹೊಡೆದು ಹಾಕಲಿಲ್ಲ.

ಹೋಗುವಾಗ ವೈನಿ ಎರಡನೇ ಹಾಳೆ ಕೇಳಿದರು. ಅದಷ್ಟನ್ನೇ ಮೊಬೈಲಿನಲ್ಲಿ ಫೋಟೊ ತೆಗೆದುಕೊಂಡರು. ಗುರುವಾರ ಲಸಿಕೆ ದಿನ, ಈಗ ಅಲ್ಲಿರುವ ನರ್ಸ್ ಹುಡುಗಿಗೆ ಕಳಿಸ್ತೀನಿ ಅಂದರು.