ಫಿರಂಗಿಗೆ ಮೊದಲು ಮೀನಿನ ಹಡಗು

ಹಳೆಯ ಹಡಗುಗಳ ಮಾದರಿ ಮಾಡುವುದು ನನ್ನ ಹವ್ಯಾಸ. ಈ ಸಲ ಕೈಗೆತ್ತಿಕೊಂಡಿರುವುದು ಬ್ರಿಟನ್ನಿನ ‘ಬೆಡ್‌ಫರ್ಡ್‌ಶೈರ್’. ಗ್ರಿಮ್ಸ್‌ಬಿ ಬಂದರಿನ ಮೀನುಗಾರಿಕಾ ಟ್ರಾಲರ್ ಇದು. 1939ರ ಆಗಸ್ಟ್‌ನಲ್ಲಿ, ಯುದ್ಧ ಇನ್ನೇನು ಶುರುವಾಗಬೇಕು ಎನ್ನುವಾಗ, ಬ್ರಿಟಿಷ್ ನೌಕಾಪಡೆ ಇದನ್ನು ವಶಕ್ಕೆ ತೆಗೆದುಕೊಂಡು ಜಲಾಂತರ್ಗಾಮಿ ಬೇಟೆಗೆ ಹಚ್ಚಿತು. ಇಂಥ ಹಡಗುಗಳ ಮಾದರಿ ಮಾಡುವವರು ಹೆಚ್ಚಾಗಿ ಫಿರಂಗಿ, ಸ್ಫೋಟಕಗಳ ಚಿತ್ರ ಹುಡುಕಿಕೊಂಡು ಹೊರಡುತ್ತಾರೆ. ಮೀನು ಹಿಡಿಯುತ್ತಿದ್ದ ಕಾಲದ ಹಡಗು ಪೂರ್ತಿ ಅರ್ಥವಾಗದೆ ಮರಕ್ಕೆ ಗರಗಸ ಹಾಕಬಾರದು ಎಂಬುದು ನನ್ನ ಪಕ್ಕಾ ಅಭಿಪ್ರಾಯ.

ಮೊದಲು ತೆರೆದದ್ದು ಲಾಯ್ಡ್ಸ್ ರಿಜಿಸ್ಟರ್, ಅಂದರೆ ಹಡಗುಗಳ ವಿವರ ಪಟ್ಟಿಮಾಡುವ ವಾರ್ಷಿಕ ದಾಖಲೆ. 1930ರಿಂದ 1945ರವರೆಗಿನ ಸಂಪುಟಗಳ ಸ್ಕ್ಯಾನ್ ಪ್ರತಿಗಳು ಅಂತರ್ಜಾಲದಲ್ಲಿ ಉಚಿತವಾಗಿ ಸಿಗುತ್ತವೆ. ಟ್ರಾಲರ್‌ಗಳನ್ನು ದೊಡ್ಡ ಹಡಗುಗಳ ಪಟ್ಟಿಯಲ್ಲಿ ಹುಡುಕಬೇಡಿ, ಅವುಗಳಿಗೆ ಬೇರೆಯದೇ ವಿಭಾಗವಿದೆ. ಮಿಡಲ್ಸ್‌ಬರೊ ಬಳಿಯ ಸೌತ್ ಬ್ಯಾಂಕ್‌ನಲ್ಲಿ ಸ್ಮಿತ್ಸ್ ಡಾಕ್ ಕಂಪನಿ ಕಟ್ಟಿ, 1935ರಲ್ಲಿ ನೀರಿಗಿಳಿಸಿದ ಹಡಗು, 443 ಟನ್. ಉತ್ತರದ ಕೊರೆಯುವ ಕಡಲಿಗೆ ಹೋಗಿ ಬರಬೇಕಾದ್ದರಿಂದ ಮೂತಿ ಎತ್ತರ, ಮೈ ಗಟ್ಟಿ. 1:96 ಅಳತೆಯಲ್ಲಿ ಮಾದರಿ ಅರ್ಧ ಮೀಟರ್ ಆಸುಪಾಸು ಬರುತ್ತದೆ. ಮೇಜಿನ ಮೇಲೆ ಇಡುವುದಕ್ಕೆ ಹದವಾದ ಗಾತ್ರ.

ಇಲ್ಲೊಂದು ಮಾತು. ನಾನು ಮಲ್ಪೆ ಬಂದರಿನ ಟ್ರಾಲ್‌ಬೋಟ್‌ಗಳನ್ನು ನೋಡುತ್ತಾ ಬೆಳೆದವನು. ನಮ್ಮಲ್ಲಿ ಬಲೆ ಹಿಂಬದಿಯಿಂದ ಇಳಿಯುತ್ತದೆ. ಆ ಕಾಲದ ಗ್ರಿಮ್ಸ್‌ಬಿ ಟ್ರಾಲರ್‌ಗಳು ಬಲೆಯನ್ನು ಮಗ್ಗುಲಿನಿಂದ ಇಳಿಸಿ ಎಳೆಯುತ್ತಿದ್ದವು. ಅದಕ್ಕಾಗಿ ಅಂಚಿನಲ್ಲಿ ಮುಂದೊಂದು, ಹಿಂದೊಂದು ಕಬ್ಬಿಣದ ಕಮಾನು; ಬಲೆಯ ಬಾಯಿ ತೆರೆದಿಡುವ ಭಾರದ ಹಲಗೆಗಳು ಅವಕ್ಕೇ ನೇತಾಡುತ್ತಿದ್ದವು. ಚಾಲಕನ ಕೋಣೆಯ ಮುಂದೆ ಬಲೆಯ ಹಗ್ಗ ಸುತ್ತುವ ದೊಡ್ಡ ವಿಂಚ್, ಮುಂಭಾಗದ ಡೆಕ್ಕಿನ ಕೆಳಗೆ ಐಸ್ ಹಾಕಿ ಮೀನು ತುಂಬುವ ಉಗ್ರಾಣ, ಹಿಂದೆ ಬಾಯ್ಲರ್ ಮತ್ತು ಎಂಜಿನ್. ಈ ನಕ್ಷೆ ತಲೆಯಲ್ಲಿ ಕೂತರೆ ನೌಕಾಪಡೆ ಏನು ಬದಲಿಸಿತು, ಯಾಕೆ ಅಲ್ಲೇ ಬದಲಿಸಿತು ಎಂಬುದು ತಾನಾಗಿ ತಿಳಿಯುತ್ತದೆ. ಇಂಥ ಟ್ರಾಲರ್‌ಗಳಲ್ಲಿ ಮೀನಿನ ಉಗ್ರಾಣವೇ ನಾವಿಕರು ಉಂಡು ಮಲಗುವ ಜಾಗವಾಯಿತು. ಎತ್ತರದ ಮೂತಿಯ ಮೇಲೆ ವೇದಿಕೆ ಕಟ್ಟಿ ನಾಲ್ಕು ಇಂಚಿನ ಫಿರಂಗಿ ಕೂರಿಸಿದರು. ಹಿಂಭಾಗದಲ್ಲಿ ನೀರಿನಾಳದಲ್ಲಿ ಸಿಡಿಯುವ ಡೆಪ್ತ್ ಚಾರ್ಜ್‌ಗಳು, ತಳದಲ್ಲಿ ಶಬ್ದದ ಪ್ರತಿಧ್ವನಿಯಿಂದ ಜಲಾಂತರ್ಗಾಮಿ ಪತ್ತೆಹಚ್ಚುವ ಆಸ್ಡಿಕ್.

ಡೆಪ್ತ್ ಚಾರ್ಜ್ ಎಂದರೆ ಸುಮಾರು 130 ಕಿಲೋ ಸ್ಫೋಟಕ ತುಂಬಿದ ಡ್ರಮ್. ನನ್ನ ಅಳತೆಯಲ್ಲಿ ಅದರ ದಪ್ಪ ಐದು ಮಿಲಿಮೀಟರ್‌ಗೂ ಕಡಿಮೆ, ಉದ್ದ ಏಳು ಚಿಲ್ಲರೆ. ಪ್ಲಾಸ್ಟಿಕ್ ಕಡ್ಡಿಯನ್ನು ಒಂದೇ ಅಳತೆಗೆ ಕತ್ತರಿಸಲು ಮರದ ತುಂಡಿನಲ್ಲಿ ತೋಡು ಕೊರೆದು, ತುದಿಗೆ ತಡೆ ಅಂಟಿಸಿಕೊಂಡೆ. ಕಡ್ಡಿ ತಡೆಗೆ ತಾಗುವವರೆಗೆ ತಳ್ಳಿ ಬ್ಲೇಡ್ ಒತ್ತಿದರೆ ಸಾಕು, ಎಲ್ಲವೂ ಒಂದೇ ಉದ್ದ. ಅಂಚನ್ನು ನುಣ್ಣನೆಯ ಉಪ್ಪುಕಾಗದದಲ್ಲಿ ಒಮ್ಮೆ ತಿರುಗಿಸಿದರೆ ಮುಗಿಯಿತು.

ಇನ್ನು ಹಡಗಿನ ಕೊನೆಯ ತಿಂಗಳುಗಳು. 1942ರ ಜನವರಿಯಿಂದ ಜರ್ಮನ್ ಜಲಾಂತರ್ಗಾಮಿಗಳು ಅಮೆರಿಕದ ಪೂರ್ವ ಕರಾವಳಿಯಲ್ಲಿ ಹಡಗುಗಳನ್ನು ಒಂದೊಂದಾಗಿ ಮುಳುಗಿಸುತ್ತಿದ್ದವು. ಕಾವಲಿಗೆ ಅಮೆರಿಕದ ಬಳಿ ಸಾಕಷ್ಟು ಹಡಗುಗಳೇ ಇರಲಿಲ್ಲ. ಬ್ರಿಟನ್ 24 ಟ್ರಾಲರ್‌ಗಳನ್ನು ಕಳಿಸಿಕೊಟ್ಟಿತು. ಅವುಗಳಲ್ಲಿ ಬೆಡ್‌ಫರ್ಡ್‌ಶೈರ್ ಒಂದು. ಮೇ ತಿಂಗಳಲ್ಲಿ ನಾರ್ತ್ ಕ್ಯಾರೊಲೈನಾ ಕರಾವಳಿಯಲ್ಲಿ ಜರ್ಮನ್ ಜಲಾಂತರ್ಗಾಮಿ ಯು-558 ಹೊಡೆದ ಟಾರ್ಪೆಡೊಗೆ ಮುಳುಗಿತು. ಹಡಗಿನಲ್ಲಿದ್ದ 37 ಮಂದಿಯಲ್ಲಿ ಒಬ್ಬರೂ ಬದುಕಲಿಲ್ಲ.

ದಿನಾಂಕ ಮಾತ್ರ ಕೆಲವೆಡೆ ಮೇ 11, ಕೆಲವೆಡೆ ಮೇ 12 ಎಂದಿದೆ. ಎರಡೂ ಸರಿಯೇ. ಜರ್ಮನ್ ದಾಖಲೆ ಅವರ ಗಡಿಯಾರದ ಲೆಕ್ಕದಲ್ಲಿ 12ರ ಬೆಳಗಿನ 5.40 ಎನ್ನುತ್ತದೆ. ಅಮೆರಿಕದ ಯುದ್ಧಕಾಲದ ಸಮಯ ಅದಕ್ಕಿಂತ ಆರು ಗಂಟೆ ಹಿಂದೆ. ಅಲ್ಲಿ 11ರ ರಾತ್ರಿ 11.40. ಯುದ್ಧಕಾಲದ ಹಡಗಿನ ಚರಿತ್ರೆ ಬರೆಯುವವರು ಯಾವ ದಿನಾಂಕ ಸಿಕ್ಕರೂ ಮೊದಲು ಅದು ಯಾರ ಗಡಿಯಾರ ಎಂದು ನೋಡಬೇಕು. ಹಡಗು ಮುಳುಗಿದ ಕಡಲಿನ ಗಡಿಯಾರವೇ ನನಗೆ ಸರಿ ಎನಿಸಿ, ಮಾದರಿಯ ಫಲಕದಲ್ಲಿ ಮೇ 11 ಎಂದು ಬರೆದು ಪಕ್ಕದಲ್ಲಿ ‘ಸ್ಥಳೀಯ ಸಮಯ’ ಎಂದು ಸೇರಿಸಿದೆ.

ನಾವಿಕರ ಹೆಸರಿಗೆ ಕಾಮನ್‌ವೆಲ್ತ್ ಯುದ್ಧ ಸಮಾಧಿ ಆಯೋಗದ ಪಟ್ಟಿ ನೋಡಬೇಕು. ಟ್ರಾಲರ್‌ಗಳ ಗಸ್ತು ದಳದ ಕೇಂದ್ರ ಇಂಗ್ಲೆಂಡಿನ ಲೋಸ್ಟಾಫ್ಟ್‌ನಲ್ಲಿತ್ತು. ಕಡಲಲ್ಲಿ ಸತ್ತು ಸಮಾಧಿಯೂ ಇಲ್ಲದ ಆ ದಳದ 2,300ಕ್ಕೂ ಹೆಚ್ಚು ಮಂದಿಯ ಹೆಸರು ಅಲ್ಲಿನ ಸ್ಮಾರಕದ ಮೇಲಿದೆ. ಬೆಡ್‌ಫರ್ಡ್‌ಶೈರ್‌ನ ನಾಲ್ವರ ದೇಹ ನಾರ್ತ್ ಕ್ಯಾರೊಲೈನಾದ ಓಕ್ರಕೋಕ್ ದ್ವೀಪದ ಬಳಿ ಸಿಕ್ಕಿ, ಅವರನ್ನು ಅಲ್ಲೇ ಮಣ್ಣು ಮಾಡಿದರು. ಅವರಲ್ಲಿ ಸಬ್ ಲೆಫ್ಟಿನೆಂಟ್ ಥಾಮಸ್ ಕನಿಂಗ್‌ಹ್ಯಾಮ್ ಒಬ್ಬ. ಅದಕ್ಕೆ ಕೆಲವೇ ವಾರ ಮೊದಲು, ‘ಸ್ಯಾನ್ ಡೆಲ್ಫಿನೋ’ ತೈಲ ಹಡಗಿನಲ್ಲಿ ಸತ್ತ ಬ್ರಿಟಿಷರ ಪೆಟ್ಟಿಗೆಗೆ ಹೊದಿಸಲೆಂದು ಅಮೆರಿಕದ ಅಧಿಕಾರಿಗೆ ಧ್ವಜಗಳನ್ನು ಕೊಟ್ಟವನು ಅವನೇ. ಉಳಿದಿದ್ದ ಧ್ವಜವೊಂದು ಅವನ ಪೆಟ್ಟಿಗೆಗೇ ಬಂತು. ಇದನ್ನು ಓದಿದ ದಿನ ನನಗೆ ಕೆಲಸ ಮುಂದುವರಿಸಲು ಆಗಲಿಲ್ಲ.

ಮಾದರಿಯಲ್ಲಿ ಈಗ ಒಡಲು, ಡೆಕ್, ಫಿರಂಗಿ ವೇದಿಕೆ ಮುಗಿದಿವೆ. ಮುಂಭಾಗದ ಗುರುತಿನ ಸಂಖ್ಯೆ ಎಫ್‌ವೈ 141 ಬರೆಯುವುದು, ಹಿತ್ತಾಳೆ ತಂತಿಯಲ್ಲಿ ಕಟಕಟೆ ಬೆಸೆಯುವುದು, ಪಟಸ್ತಂಭದ ಹಗ್ಗಗಳನ್ನು ಕಟ್ಟುವುದು ಬಾಕಿ. ಹಗ್ಗಕ್ಕೆ ಹತ್ತಿ ನೂಲು ಬೇಡ, ನವಿರು ಏಳುತ್ತದೆ. ಪಾಲಿಯೆಸ್ಟರ್ ನೂಲಿಗೆ ಜೇನುಮೇಣ ಸವರಿ ಬಳಸಿ.