ನೀಲಿ ಕುದುರೆಯನ್ನು ಹೊಲಿಯುವುದು ಹೇಗೆ?

ಫ್ರಾನ್ಸಿನ ಉತ್ತರಕ್ಕೆ ನಾರ್ಮಂಡಿ ಸೀಮೆ. ಅಲ್ಲಿನ ಬಾಯೋ ಎಂಬ ಊರಿನಲ್ಲಿ ನೂರಾರು ವರ್ಷ ಜೋಪಾನವಾಗಿ ಉಳಿದ ಒಂದು ಬಟ್ಟೆ ಇದೆ. ಅಗಲ ಸುಮಾರು 50 ಸೆಂಟಿಮೀಟರ್, ಒಂದು ಮೊಳಕ್ಕಿಂತ ತುಸು ಜಾಸ್ತಿ. ಉದ್ದ ಮಾತ್ರ ಹತ್ತಿರ ಹತ್ತಿರ 70 ಮೀಟರ್. ಹನ್ನೆರಡು ಸೀರೆಗಳನ್ನು ಒಂದರ ತುದಿಗೊಂದು ಜೋಡಿಸಿ ಹಾಸಿದರೂ ಅದರ ಉದ್ದಕ್ಕೆ ಸಾಲುವುದಿಲ್ಲ. ಅದರ ತುಂಬ ಉಣ್ಣೆ ದಾರದಲ್ಲಿ ಬಿಡಿಸಿದ ಯುದ್ಧದ ಕಥೆ. 1066ರ ಅಕ್ಟೋಬರ್ 14ರಂದು ಹೇಸ್ಟಿಂಗ್ಸ್ ಯುದ್ಧದಲ್ಲಿ ನಾರ್ಮಂಡಿಯ ವಿಲಿಯಂ ಇಂಗ್ಲೆಂಡಿನ ದೊರೆ ಹೆರಾಲ್ಡ್‌ನನ್ನು ಸೋಲಿಸಿದ ಕಥೆ.

ಎಲ್ಲರೂ ಇದನ್ನು ಬಾಯೋ ಟ್ಯಾಪೆಸ್ಟ್ರಿ ಅನ್ನುತ್ತಾರೆ. ಟ್ಯಾಪೆಸ್ಟ್ರಿ ಅಂದರೆ ಮಗ್ಗದಲ್ಲಿ ನೇಯುವಾಗಲೇ ಚಿತ್ರ ಮೂಡಿಸುವುದು. ಇದು ಹಾಗಲ್ಲ. ನೇಯ್ದು ಮುಗಿದ ಲಿನನ್ ಬಟ್ಟೆಯ ಮೇಲೆ ಸೂಜಿಯಿಂದ ಹಾಕಿದ ಕಸೂತಿ. ಅಂದಮೇಲೆ ಮಗ್ಗ ಬೇಡ, ಮನೆಯಲ್ಲಿ ಕೂತು ನಾವೂ ಹಾಕಬಹುದು ಅಲ್ವಾ? ಖಂಡಿತ ಹಾಕಬಹುದು. ಇಷ್ಟು ದೊಡ್ಡ ಕೆಲಸದ ಹಿಂದೆ ಇರುವುದು ಮುಖ್ಯವಾಗಿ ಎರಡೇ ಬಗೆಯ ಹೊಲಿಗೆ. ಎರಡನ್ನೂ ಒಂದು ಭಾನುವಾರ ಮಧ್ಯಾಹ್ನ ಕಲಿಯಬಹುದು.

ಇದನ್ನು ಹೊಲಿದದ್ದು 1070ರ ದಶಕದಲ್ಲಿ ಅಂತ ಬಹಳ ವಿದ್ವಾಂಸರು ಒಪ್ಪುತ್ತಾರೆ. ಹೊಲಿಸಿದವನು ವಿಲಿಯಂನ ಮಲತಮ್ಮ, ಬಾಯೋದ ಬಿಷಪ್ ಓಡೋ ಇರಬೇಕು. ಹೊಲಿದ ಕೈಗಳು ಇಂಗ್ಲೆಂಡಿನವು, ಬಹುಶಃ ಕ್ಯಾಂಟರ್‌ಬರಿಯವು. ಆ ಕಾಲದಲ್ಲಿ ಇಂಗ್ಲೆಂಡಿನ ಹೆಂಗಸರ ಸೂಜಿ ಕೆಲಸ ಯುರೋಪಿನಲ್ಲೇ ಹೆಸರುವಾಸಿ. ಆದರೆ ಇದನ್ನು ಹೊಲಿದವರಲ್ಲಿ ಒಬ್ಬರ ಹೆಸರೂ ಬಟ್ಟೆಯ ಮೇಲಿಲ್ಲ. ಈ ಬಟ್ಟೆ ಮೊದಲು ಲೆಕ್ಕಕ್ಕೆ ಸಿಗುವುದು 1476ರಲ್ಲಿ, ಬಾಯೋ ಕತೀಡ್ರಲ್‌ನ ಸಾಮಾನು ಪಟ್ಟಿಯಲ್ಲಿ. 1792ರಲ್ಲಿ, ಫ್ರೆಂಚ್ ಕ್ರಾಂತಿಯ ಗದ್ದಲದ ನಡುವೆ, ಗಾಡಿಯ ಸಾಮಾನಿಗೆ ಹೊದಿಕೆಯಾಗಿ ಹೋಗುತ್ತಿದ್ದ ಇದನ್ನು ಊರಿನ ವಕೀಲರೊಬ್ಬರು ತಡೆದು ಉಳಿಸಿದರು.

ಏನೇನು ಬೇಕು

ಬಟ್ಟೆ ಲಿನನ್ ಆದರೆ ಒಳ್ಳೆಯದು. ಸಿಗದಿದ್ದರೆ ದಪ್ಪನೆಯ, ಒತ್ತಾಗಿ ನೇಯ್ದ ಖಾದಿ ಸಾಕು. ಮೊದಲೇ ಒಗೆದು ಇಸ್ತ್ರಿ ಮಾಡಿಕೊಳ್ಳಿ, ಆಮೇಲೆ ಕುಗ್ಗಬಾರದು. ಚೂಪು ಮೊನೆಯ, ಉದ್ದ ಕಣ್ಣಿನ ಸೂಜಿ ಬೇಕು. ಅಂಗಡಿಯಲ್ಲಿ ಶೆನಿಲ್ ಸೂಜಿ ಅಂತ ಕೇಳಿ. ಜೊತೆಗೆ ಬಟ್ಟೆ ಬಿಗಿಯಲು ರಿಂಗ್ ಅಥವಾ ಮರದ ಫ್ರೇಮ್.

ದಾರದ ವಿಷಯದಲ್ಲಿ ಮಾತ್ರ ರಾಜಿ ಬೇಡ. ಎರಡು ಎಳೆ ಹುರಿದ, ಸಣ್ಣನೆಯ ಉಣ್ಣೆ ದಾರವೇ ಬೇಕು. ಕ್ರೂವೆಲ್ ಉಣ್ಣೆ ಅಂತ ಮಾರುತ್ತಾರೆ. ನಾನು ಮೊದಲ ಸಲ ಸ್ವೆಟರ್ ಹೆಣೆಯುವ ಅಕ್ರಿಲಿಕ್ ದಾರದಲ್ಲಿ ಶುರು ಮಾಡಿದ್ದೆ. ಅದು ರಬ್ಬರಿನ ಹಾಗೆ ಹಿಗ್ಗುತ್ತದೆ. ಹೊಲಿಯುವಾಗ ಬಿಗಿಯಾಗಿ ಕಂಡದ್ದು ರಿಂಗ್ ಬಿಚ್ಚಿದ ಕೂಡಲೇ ಬಟ್ಟೆಯನ್ನೆಲ್ಲ ಸುಕ್ಕು ಮಾಡಿತು. ಎರಡು ವಾರದ ಕೆಲಸ ಬಿಚ್ಚಿ ಹಾಕಬೇಕಾಯಿತು.

ಬಣ್ಣ ನಾಲ್ಕೈದು ಸಾಕು. ಮೂಲದಲ್ಲೂ ಇರುವುದು ಸುಮಾರು ಹತ್ತೇ ಬಣ್ಣ. ಎಲ್ಲ ಗಿಡಗಳಿಂದ ಬಂದವು. ಮ್ಯಾಡರ್ ಬೇರಿನಿಂದ ಕೆಂಪು, ವೆಲ್ಡ್ ಗಿಡದಿಂದ ಹಳದಿ, ವೋಡ್ ಎಲೆಯಿಂದ ನೀಲಿ. ಮ್ಯಾಡರ್ ನಮ್ಮ ಮಂಜಿಷ್ಠದ ಬಳಗದ್ದು. ವೋಡ್ ಎಲೆಯಲ್ಲಿ ಸಿಗುವುದು ನಮ್ಮ ನೀಲಿ ಗಿಡದಲ್ಲಿರುವ ಬಣ್ಣವೇ.

ಚಿತ್ರ

ಮೊದಲಿಗೇ ಇಡೀ ಕುದುರೆಗೆ ಕೈ ಹಾಕಬೇಡಿ. ಮೂರು ಅಂಗುಲದ ಒಂದು ಎಲೆ ಅಥವಾ ಹಡಗಿನ ಹಾಯಿ ಬಿಡಿಸಿ. ಕೈ ಕುದುರಿದ ಮೇಲೆ ಕುದುರೆ. ಪೆನ್ಸಿಲ್ಲಿನಲ್ಲಿ ತೆಳುವಾಗಿ ಗೆರೆ ಎಳೆದರೆ ಸಾಕು. ಧಾರವಾಡದ ಕಡೆಯ ಕಸೂತಿ ಗೊತ್ತಿರುವವರಿಗೆ ಇದು ಬೇರೆ ಅನ್ನಿಸುತ್ತದೆ. ಅಲ್ಲಿ ಗೆರೆಯೇ ಇಲ್ಲ, ಬಟ್ಟೆಯ ಎಳೆ ಎಣಿಸಿ ಹಾಕುತ್ತಾರೆ. ಅದರಲ್ಲೇ ಗವಂತಿ ಎಂಬ ಹೊಲಿಗೆಯಲ್ಲಿ ಹಿಂದು ಮುಂದು ಎರಡೂ ಒಂದೇ ಥರ ಕಾಣಬೇಕು. ಬಾಯೋ ಹೊಲಿಗೆ ಇದಕ್ಕೆ ತದ್ವಿರುದ್ಧ. ಇಲ್ಲಿ ದಾರವೆಲ್ಲ ಮುಂದೆ, ಹಿಂದೆ ಬರೀ ಚುಕ್ಕಿ.

ಹಾಸು, ಅಡ್ಡ, ಕಟ್ಟು

ಬಣ್ಣ ತುಂಬುವ ಹೊಲಿಗೆಯಲ್ಲಿ ಮೂರು ಪದರ. ಹೆಸರುಗಳು ನಾನೇ ಇಟ್ಟುಕೊಂಡವು.

ಮೊದಲು ಹಾಸು. ರಿಂಗಿನಲ್ಲಿ ಬಟ್ಟೆಯನ್ನು ತಮಟೆಯ ಹಾಗೆ ಬಿಗಿಯಿರಿ. ದಾರ ಒಂದು ಮೊಳಕ್ಕಿಂತ ಉದ್ದ ಬೇಡ, ಉಣ್ಣೆ ಉಜ್ಜಿ ಉಜ್ಜಿ ಸವೆಯುತ್ತದೆ. ಚಿತ್ರದ ಅತಿ ಅಗಲವಾದ ಜಾಗದಿಂದ ಶುರು ಮಾಡಿ. ಒಂದು ಅಂಚಿನ ಗೆರೆಯ ಮೇಲೆ ಸೂಜಿ ಮೇಲೆ ಬರಲಿ, ಎದುರು ಅಂಚಿನಲ್ಲಿ ಕೆಳಗೆ ಹೋಗಲಿ. ಈಗ ಗಮನವಿಡಿ. ಸೂಜಿಯನ್ನು ಹಿಂದಿನಿಂದ ಮೊದಲಿನ ಅಂಚಿಗೆ ಒಯ್ಯಬೇಡಿ. ಕೆಳಗೆ ಹೋದ ತೂತಿನ ಪಕ್ಕದಲ್ಲೇ, ಒಂದು ದಾರದ ಅಗಲ ಬಿಟ್ಟು, ಮೇಲೆ ತನ್ನಿ. ಅಲ್ಲಿಂದ ವಾಪಸ್ ಆಚೆ ಅಂಚಿಗೆ. ಹೀಗೆ ಹೋಗಿ ಬಂದು, ಹೋಗಿ ಬಂದು, ಚಾಪೆಯ ಕಡ್ಡಿಗಳ ಹಾಗೆ ದಾರಗಳು ಒತ್ತೊತ್ತಾಗಿ ಕೂರಬೇಕು. ಅರ್ಧ ತುಂಬಿದ ಮೇಲೆ ಮತ್ತೆ ಮಧ್ಯಕ್ಕೆ ಬಂದು ಇನ್ನರ್ಧ ತುಂಬಿ. ಬಟ್ಟೆ ಇಣುಕಬಾರದು. ದಾರವನ್ನು ಎಳೆಯಬೇಡಿ, ಸುಮ್ನೆ ಮಲಗಿಸಿ.

ಹಿಂದೆ ತಿರುಗಿಸಿ ನೋಡಿದರೆ ಅಂಚಿನಲ್ಲಿ ಚಿಕ್ಕ ಚಿಕ್ಕ ಗೀರು ಮಾತ್ರ. ನೂತು, ಬಣ್ಣ ಹಾಕಿ, ಕಷ್ಟಪಟ್ಟು ಮಾಡಿದ ಉಣ್ಣೆ ಹಿಂಬದಿಗೆ ವ್ಯರ್ಥ ಆಗಬಾರದು ನೋಡಿ. ನನಗೆ ಈ ಹೊಲಿಗೆಯ ಮೇಲೆ ಪ್ರೀತಿ ಬಂದದ್ದೇ ಈ ಉಳಿತಾಯ ಕಂಡು.

ಆಮೇಲೆ ಅಡ್ಡ. ಹಾಸಿದ ದಾರ ಉದ್ದವಾಗಿರುತ್ತದೆ, ಬೆರಳು ತಾಗಿದರೂ ಸರಿಯುತ್ತದೆ. ಅದರ ಮೇಲೆ ಅಡ್ಡಲಾಗಿ, ಅರ್ಧ ಸೆಂಟಿಮೀಟರಿಗೆ ಒಂದರಂತೆ, ಅದೇ ಬಣ್ಣದ ದಾರ ಹಾಕಿ.

ಕೊನೆಗೆ ಕಟ್ಟು. ಪ್ರತಿ ಅಡ್ಡ ದಾರದ ಮೇಲೆ ಅಲ್ಲಲ್ಲಿ ಪುಟ್ಟ ಹೊಲಿಗೆ ಹಾಕಿ ಬಟ್ಟೆಗೆ ಬಂಧಿಸಿ. ಸೂಜಿ ಅಡ್ಡ ದಾರದ ಈಚೆ ಮೇಲೆ ಬಂದು ಆಚೆ ಕೆಳಗಿಳಿಯಬೇಕು, ಅಷ್ಟೇ. ಮುಂದಿನ ಸಾಲಿನ ಕಟ್ಟುಗಳು ಹಿಂದಿನ ಸಾಲಿನ ಎರಡು ಕಟ್ಟುಗಳ ನಡುವೆ ಬರಲಿ, ಗೋಡೆಯ ಇಟ್ಟಿಗೆಯಂತೆ. ಒಂದರ ಕೆಳಗೊಂದು ಬಂದರೆ ಅಲ್ಲಿ ಗೆರೆ ಬಿದ್ದಂತೆ ಕಾಣುತ್ತದೆ. ಸೂಜಿ ಹಾಸಿನ ದಾರವನ್ನು ಸೀಳದೆ ಎರಡು ದಾರಗಳ ನಡುವೆ ನುಸುಳಬೇಕು. ಇದಕ್ಕೆ ತಾಳ್ಮೆ ಬೇಕು. ಇನ್ನೊಂದು ಮಾತು, ತುಂಬಿದ ಜಾಗದ ಮೇಲೆ ರಿಂಗ್ ಕೂರಿಸಬೇಡಿ, ಉಣ್ಣೆ ಚಪ್ಪಟೆಯಾಗಿಬಿಡುತ್ತದೆ.

ಅಂಚಿನ ಗೆರೆ

ಎರಡನೆಯದು ನಮಗೆ ಗೊತ್ತಿರುವ ಸ್ಟೆಮ್ ಸ್ಟಿಚ್. ಒಂದು ಹೆಜ್ಜೆ ಮುಂದೆ, ಅರ್ಧ ಹೆಜ್ಜೆ ಹಿಂದೆ, ದಾರ ಯಾವಾಗಲೂ ಒಂದೇ ಪಕ್ಕಕ್ಕೆ ಇರಲಿ. ತುಂಬಿದ ಬಣ್ಣಕ್ಕಿಂತ ಬೇರೆ ಬಣ್ಣ ಆರಿಸಿಕೊಳ್ಳಿ. ಅಂಚಿನ ಅಂಕುಡೊಂಕೆಲ್ಲ ಇದರಡಿ ಮುಚ್ಚಿಹೋಗುತ್ತದೆ. ಮೂಲದಲ್ಲಿ ಲ್ಯಾಟಿನ್ ಅಕ್ಷರಗಳನ್ನೂ ಬಹುಪಾಲು ಇದೇ ಹೊಲಿಗೆಯಲ್ಲಿ ಬರೆದಿದ್ದಾರೆ. ಮುಖ, ಕೈಗಳಿಗೆ ಬಣ್ಣವನ್ನೇ ತುಂಬಿಲ್ಲ. ಬರೀ ಗೆರೆ ಎಳೆದು ಲಿನನ್ ಬಟ್ಟೆಯನ್ನೇ ಚರ್ಮವಾಗಿಸಿದ್ದಾರೆ. ನೀವೂ ಹಾಗೇ ಬಿಡಿ.

ಈಗ ಕುದುರೆ. ಮೂಲದಲ್ಲಿ ನೀಲಿ ಕುದುರೆಗಳಿವೆ. ಮೈ ಒಂದು ಬಣ್ಣ, ಆಚೆ ಬದಿಯ ಎರಡು ಕಾಲು ಇನ್ನೊಂದೇ ಬಣ್ಣ. ನೆರಳು ಬಿಡಿಸದೆ, ದಾರದ ಬಣ್ಣ ಬದಲಿಸಿಯೇ ಆ ಕಾಲುಗಳನ್ನು ದೂರ ತಳ್ಳಿದ್ದಾರೆ. ಈ ಉಪಾಯ ಮಾಡಿ ನೋಡಿ. ಕೊನೆಯ ಕಾಲು ತುಂಬಿ ಮುಗಿಸುವಾಗ ಕುದುರೆ ನಿಜಕ್ಕೂ ಓಡುವ ಹಾಗೆ ಕಾಣುತ್ತದೆ.

ಅಳತೆ ಹೆಚ್ಚುಕಮ್ಮಿ ಆದರೆ ಬೇಜಾರು ಬೇಡ. ಆ ಬಟ್ಟೆ ಒಂಬತ್ತು ತುಂಡುಗಳ ಜೋಡಣೆ. ಮೊದಲ ಎರಡು ತುಂಡು ಸೇರುವ ಕಡೆ ಮೇಲಂಚಿನ ಗೆರೆ ಒಂದಕ್ಕೊಂದು ಕೂಡಿಲ್ಲ. ಮುಂದಿನ ಜೋಡಣೆಗಳಲ್ಲಿ ಹೊಲಿಗೆ ಎಲ್ಲಿದೆ ಎಂದು ಹುಡುಕಬೇಕು, ಅಷ್ಟು ನಾಜೂಕು.

ಮುಗಿದ ಮೇಲೆ ದಪ್ಪ ಟವೆಲ್ಲಿನ ಮೇಲೆ ಕಸೂತಿಯನ್ನು ಬೋರಲು ಹಾಕಿ, ಒದ್ದೆ ಬಟ್ಟೆ ಹೊದಿಸಿ, ಇಸ್ತ್ರಿಯನ್ನು ಒತ್ತದೆ ಹಬೆ ಮಾತ್ರ ತಾಗಿಸಿ.

ಇನ್ನೊಂದು ಕೆಲಸ ಬಾಕಿ ಇದೆ. ಇಂಗ್ಲೆಂಡಿನ ಲೀಕ್ ಪಟ್ಟಣದಲ್ಲಿ 1885ರಲ್ಲಿ ಎಲಿಜಬೆತ್ ವಾರ್ಡಲ್ ಎಂಬುವರು 35 ಹೆಂಗಸರನ್ನು ಸೇರಿಸಿ ಈ ಇಡೀ ಬಟ್ಟೆಯ ಪ್ರತಿ ಹೊಲಿಯಲು ಹೊರಟರು. ಮರುವರ್ಷವೇ ಮುಗಿಸಿದರು. ಅದು ಈಗ ರೆಡಿಂಗ್ ಮ್ಯೂಸಿಯಂನಲ್ಲಿದೆ. ಪ್ರತಿಯೊಬ್ಬರೂ ತಾವು ಹೊಲಿದ ಭಾಗದ ಕೆಳಗೆ ತಮ್ಮ ಹೆಸರನ್ನೂ ಹೊಲಿದಿದ್ದಾರೆ. ನೀವೂ ಉಳಿದ ದಾರದ ತುಂಡು ಪೋಣಿಸಿಕೊಂಡು, ಕುದುರೆಯ ಕಾಲ ಕೆಳಗೆ, ಸ್ಟೆಮ್ ಸ್ಟಿಚ್ಚಿನಲ್ಲಿ ನಿಮ್ಮ ಹೆಸರು ಹಾಕಿ.